ಗುರುವಾರ ರಾತ್ರಿಯ ಜೂಲಿಯಾ

ಅಧ್ಯಕ್ಷರೇ, ರಂಗಾಸಕ್ತರೇ,

ಬ್ರಿಟಿಷ್ ನಟಿ ಇವೊನ್ ಮಿಚೆಲ್ (1915–1979) ಅವರ ಟೆಲಿವಿಷನ್ ಅಭಿನಯವನ್ನು ಕುರಿತು ಮಾತನಾಡಹೊರಟವರಿಗೆ ಮೊದಲ ಹೆಜ್ಜೆಯಲ್ಲೇ ಒಂದು ತೊಡಕು ಎದುರಾಗುತ್ತದೆ. ಅವರಿಗೆ ಹೆಸರು ತಂದ ಪಾತ್ರಗಳಲ್ಲಿ ಕೆಲವು ಪ್ರಸಾರವಾದ ರಾತ್ರಿಯೇ ಮುಗಿದುಹೋದವು. 1950ರ ದಶಕದ ಆರಂಭದಲ್ಲಿ ಬಿಬಿಸಿಯ ನಾಟಕಗಳು ಸ್ಟುಡಿಯೊದಿಂದ ನೇರವಾಗಿ ಪ್ರಸಾರವಾಗುತ್ತಿದ್ದವು. ಭಾನುವಾರದ ನಾಟಕವನ್ನು ಗುರುವಾರ ಮತ್ತೆ ತೋರಿಸಬೇಕಾದರೆ ನಟರೆಲ್ಲರೂ ಬಂದು ಬಣ್ಣ ಹಚ್ಚಿಕೊಂಡು ಇನ್ನೊಮ್ಮೆ ಆಡಬೇಕಿತ್ತು. ದಾಖಲಿಸಿಕೊಳ್ಳಲು ಇದ್ದ ದಾರಿಯೆಂದರೆ ಟೆಲಿವಿಷನ್ ಪರದೆಗೆ ಎದುರಾಗಿ ಫಿಲ್ಮ್ ಕ್ಯಾಮೆರಾ ಇಟ್ಟು ಚಿತ್ರೀಕರಿಸುವುದು, ಅದೂ ಎಲ್ಲ ನಾಟಕಗಳಿಗೆ ದಕ್ಕುವ ಭಾಗ್ಯವಾಗಿರಲಿಲ್ಲ.

ರಂಗಭೂಮಿಯಿಂದ ಬಂದ ನಟಿಗೆ ಇದು ಪರಿಚಿತವೂ ಹೌದು, ಅಪರಿಚಿತವೂ ಹೌದು. ತಾಲೀಮು, ಬಾಯಿಪಾಠ, ತಪ್ಪಿದರೆ ತಿದ್ದಿಕೊಳ್ಳಲು ಅವಕಾಶವಿಲ್ಲದ ಓಟ, ಇವೆಲ್ಲ ನಾಟಕದವೇ. ಆದರೆ ಎದುರಿಗೆ ಪ್ರೇಕ್ಷಕರ ಉಸಿರಿಲ್ಲ, ಮೊಗದ ಹತ್ತಿರಕ್ಕೇ ಕ್ಯಾಮೆರಾ ಬಂದು ನಿಂತಿರುತ್ತದೆ. ಕೊನೆಯ ಸಾಲಿನವರಿಗೂ ಕೇಳಲೆಂದು ಬೆಳೆಸಿಕೊಂಡ ದನಿ ಮನೆಯ ನಡುಕೋಣೆಯ ಪುಟ್ಟ ಪರದೆಯಲ್ಲಿ ಅಬ್ಬರವಾಗಿ ಕೇಳಿಸುತ್ತದೆ. ಮಿಚೆಲ್ ಅವರ ಹೆಚ್ಚುಗಾರಿಕೆ ಇರುವುದು ಇಲ್ಲಿಯೇ ಎಂದು ನನ್ನ ಎಣಿಕೆ: ಅವರು ದನಿಯನ್ನು ತಗ್ಗಿಸಿದರು, ತೀವ್ರತೆಯನ್ನು ತಗ್ಗಿಸಲಿಲ್ಲ.

1953ರ ಡಿಸೆಂಬರ್ 6ರಂದು ಎಮಿಲಿ ಬ್ರಾಂಟೆಯ ಕಾದಂಬರಿ ‘ವುದರಿಂಗ್ ಹೈಟ್ಸ್’ ಪ್ರಸಾರವಾಯಿತು. ನೈಜೆಲ್ ನೀಲ್ ಅವರ ರೂಪಾಂತರ, ರುಡಾಲ್ಫ್ ಕಾರ್ಟಿಯರ್ ಅವರ ನಿರ್ದೇಶನ. ಹೀತ್‌ಕ್ಲಿಫ್ ಆಗಿ ರಿಚರ್ಡ್ ಟಾಡ್, ಕ್ಯಾಥಿಯಾಗಿ ಮಿಚೆಲ್. ಅದೇ ನಿರ್ದೇಶಕ, ಅದೇ ರೂಪಾಂತರಕಾರರೊಂದಿಗೆ ಮರುವರ್ಷ ಡಿಸೆಂಬರ್ 12ರಂದು ಅವರು, ಪ್ರಜೆಗಳ ಪ್ರತಿ ನಡೆಯ ಮೇಲೂ ಕಣ್ಣಿಡುವ ಸರ್ವಾಧಿಕಾರದ ಕಥೆ ಹೇಳುವ ಜಾರ್ಜ್ ಆರ್ವೆಲ್ ಅವರ ಕಾದಂಬರಿ ‘ನೈಂಟೀನ್ ಎಯ್ಟಿ-ಫೋರ್’ನಲ್ಲಿ ನಾಯಕ ವಿನ್‌ಸ್ಟನ್‌ನ ಪ್ರೇಯಸಿ ಜೂಲಿಯಾ ಆದರು. ವಿನ್‌ಸ್ಟನ್ ಸ್ಮಿತ್ ಪಾತ್ರದಲ್ಲಿ ಪೀಟರ್ ಕುಶಿಂಗ್ ಇದ್ದರು. ಟೆಲಿವಿಷನ್ ನಾಟಕವೆಂದರೆ ನಾಲ್ಕು ಗೋಡೆಗಳ ನಡುವಿನ ಮಾತುಕತೆ ಎಂಬ ನಂಬಿಕೆಯನ್ನು ಕಾರ್ಟಿಯರ್ ಒಪ್ಪುತ್ತಿರಲಿಲ್ಲ. ಮೊದಲೇ ಚಿತ್ರೀಕರಿಸಿದ ತುಣುಕುಗಳನ್ನು ನಡುನಡುವೆ ಸೇರಿಸಿ ಅವರು ಕಥೆಗೆ ವಿಸ್ತಾರ ತಂದರು. ಆ ತುಣುಕು ಓಡುತ್ತಿರುವಷ್ಟು ಹೊತ್ತಿನಲ್ಲೇ ನಟರು ಒಂದು ಸೆಟ್ಟಿನಿಂದ ಇನ್ನೊಂದಕ್ಕೆ ಧಾವಿಸಿ, ಏದುಸಿರನ್ನು ಅಡಗಿಸಿಕೊಂಡು ನಿಲ್ಲಬೇಕಿತ್ತು.

ಚಿತ್ರಹಿಂಸೆಯ ದೃಶ್ಯಗಳನ್ನು ಕಂಡು ಅನೇಕರು ಸಿಟ್ಟಾದರು, ಸಂಸತ್ತಿನಲ್ಲಿ ಪರ-ವಿರೋಧದ ಸೂಚನೆಗಳು ಮಂಡನೆಯಾದವು. ರಾಣಿ ಮತ್ತು ತಾವು ನಾಟಕವನ್ನು ನೋಡಿ ಮೆಚ್ಚಿದೆವೆಂದು ರಾಣಿಯ ಪತಿ ಎಡಿನ್‌ಬರೋ ಡ್ಯೂಕ್ ಹೇಳಿದ್ದೂ ಸುದ್ದಿಯಾಯಿತು. ಎಂದಿನಂತೆ, ಗದ್ದಲವೇ ಒಳ್ಳೆಯ ಜಾಹೀರಾತಾಯಿತು. ಬಿಬಿಸಿ ಹಿಂಜರಿಯದೆ ಡಿಸೆಂಬರ್ 16ರ ಗುರುವಾರ ಎರಡನೆಯ ಪ್ರದರ್ಶನ ನಡೆಸಿತು, ಫಿಲ್ಮಿಗೆ ದಾಖಲಾದದ್ದು ಅದೇ. ಆದ್ದರಿಂದ ನಾವು ಇಂದು ‘ಮಿಚೆಲ್ ಅವರ ಜೂಲಿಯಾ’ ಎಂದು ಚರ್ಚಿಸುವುದೆಲ್ಲ ನಾಲ್ಕು ದಿನಗಳ ಕೋಲಾಹಲವನ್ನು ಕಂಡುಬಂದ ನಟಿಯ ಅಭಿನಯವನ್ನು. ಭಾನುವಾರದ ಜೂಲಿಯಾ ನಮಗೆ ಸಿಗುವುದಿಲ್ಲ.

ಸಿನಿಮಾ ಕೂಡ ಅವರನ್ನು ಸೆಳೆಯಿತು. ‘ದಿ ಡಿವೈಡೆಡ್ ಹಾರ್ಟ್’ ಚಿತ್ರಕ್ಕೆ ಬ್ರಿಟಿಷ್ ಅಕಾಡೆಮಿಯ ಪ್ರಶಸ್ತಿ ಬಂತು. ‘ವುಮನ್ ಇನ್ ಎ ಡ್ರೆಸ್ಸಿಂಗ್ ಗೌನ್’ ಚಿತ್ರದ ಅಭಿನಯಕ್ಕೆ 1957ರ ಬರ್ಲಿನ್ ಚಲನಚಿತ್ರೋತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿ ದೊರೆಯಿತು; ಟೆಡ್ ವಿಲ್ಲಿಸ್ ಆ ಕಥೆಯನ್ನು ಮೊದಲು ಬರೆದದ್ದು ಟೆಲಿವಿಷನ್ನಿಗಾಗಿಯೇ ಎಂಬುದನ್ನು ಸಿನಿಮಾದವರು ಸಾಮಾನ್ಯವಾಗಿ ನೆನೆಯುವುದಿಲ್ಲ.

1966ರಲ್ಲಿ, ಇ. ಎಂ. ಫಾರ್‌ಸ್ಟರ್ ಕಥೆಯನ್ನಾಧರಿಸಿದ ‘ದಿ ಮಷೀನ್ ಸ್ಟಾಪ್ಸ್’ನಲ್ಲಿ ಅವರು ವಶ್ತಿಯಾದರು: ನೆಲದಡಿಯ ಕೋಣೆಯಲ್ಲಿ ಒಬ್ಬಳೇ ಕುಳಿತು, ಯಂತ್ರದ ಮೂಲಕವೇ ಮಗನನ್ನೂ ಜಗತ್ತನ್ನೂ ಕಾಣುವ ತಾಯಿ. ಎದುರಿನವರ ಉಸಿರು ತಾಗದ ಕೋಣೆಯಲ್ಲಿ ಮಾತನಾಡುವುದು ಹೇಗೆಂದು ನೇರಪ್ರಸಾರದ ಕಾಲದಲ್ಲೇ ಕಲಿತಿದ್ದವರಿಗೆ ಆ ಪಾತ್ರ ಹೊಸದೆನಿಸಿರಲಾರದು. 1973ರ ಹೊತ್ತಿಗೆ, ಫ್ರೆಂಚ್ ಲೇಖಕಿ ಕೊಲೆಟ್ ಅವರ ಕಾದಂಬರಿಯನ್ನಾಧರಿಸಿದ ‘ಶೆರಿ’ ಧಾರಾವಾಹಿಯಲ್ಲಿ ಲೆಯಾ ಆಗಿ ನಟಿಸಿದಾಗ, ಬೇಕೆನಿಸಿದ ದೃಶ್ಯವನ್ನು ಮತ್ತೆ ಚಿತ್ರೀಕರಿಸುವ ಅನುಕೂಲವೂ ಬಂದಿತ್ತು. ಎರಡು ವರ್ಷಗಳ ನಂತರ ಅವರು ಕೊಲೆಟ್ ಅವರ ಜೀವನಚರಿತ್ರೆಯನ್ನೇ ಬರೆದು ಪ್ರಕಟಿಸಿದರು.