ಮೂರು ಹೆಸರಿನ ಆಟಗಾರ್ತಿ

ಕೇಳುಗರಿಗೆ ನಮಸ್ಕಾರ.

ಫಿನ್ಲೆಂಡಿನ ಮಹಿಳಾ ಐಸ್ ಹಾಕಿಯ ಹಳೆಯ ಪಟ್ಟಿಗಳನ್ನು ನೋಡುತ್ತಾ ಹೋದರೆ ಮೂರು ಹೆಸರು ಕಣ್ಣಿಗೆ ಬೀಳುತ್ತವೆ. 1998ರ ನಾಗಾನೊ ಒಲಿಂಪಿಕ್ಸ್‌ನಲ್ಲಿ ರೀಕಾ ನಿಯೆಮಿನೆನ್. 2018ರ ಪ್ಯೊಂಗ್‌ಚಾಂಗ್‌ನಲ್ಲಿ ರೀಕಾ ವಾಲಿಲಾ. 2019ರ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ರೀಕಾ ಸಲ್ಲಿನೆನ್. ಮೂವರೂ ಒಬ್ಬರೇ!

ಹುಟ್ಟಿದ್ದು 1973ರಲ್ಲಿ, ಯುವಾಸ್ಕುಲಾ ಊರಿನಲ್ಲಿ. ಮಂಜಿನ ಮೇಲಿನ ಆಟವಷ್ಟೇ ಅಲ್ಲ, ಪೆಸಾಪಲ್ಲೋ ಕೂಡ ಆಡಿದವರು. ಅದು ಫಿನ್ನರದೇ ಬೇಸ್‌ಬಾಲ್. ಚೆಂಡು ಹಾಕುವವರು ಬ್ಯಾಟ್ ಹಿಡಿದವರ ಪಕ್ಕದಲ್ಲೇ ನಿಂತು ಅದನ್ನು ನೇರ ಮೇಲಕ್ಕೆ ಚಿಮ್ಮಿಸುತ್ತಾರೆ.

ಒಲಿಂಪಿಕ್ಸ್‌ಗೆ ಮಹಿಳಾ ಐಸ್ ಹಾಕಿ ಬಂದದ್ದೇ ನಾಗಾನೊದಲ್ಲಿ. ಚಿನ್ನ ಅಮೆರಿಕಕ್ಕೆ, ಬೆಳ್ಳಿ ಕೆನಡಾಕ್ಕೆ, ಕಂಚು ಫಿನ್ಲೆಂಡಿಗೆ. ಆದರೆ ಅತಿ ಹೆಚ್ಚು ಪಾಯಿಂಟ್ ಗಳಿಸಿದ್ದು ಆ ಎರಡು ದೊಡ್ಡ ದೇಶಗಳವರಲ್ಲ, ರೀಕಾ. ಈ ಆಟದಲ್ಲಿ ಗೋಲು ಹೊಡೆದವರಿಗೆ ಒಂದು ಪಾಯಿಂಟ್, ಗೋಲಿಗೆ ದಾರಿ ಮಾಡಿಕೊಟ್ಟವರಿಗೂ ಒಂದು. ರೀಕಾ 7 ಗೋಲು ಹೊಡೆದರು, 5 ಗೋಲಿಗೆ ನೆರವಾದರು. ಒಟ್ಟು 12.

2002ರ ಒಲಿಂಪಿಕ್ಸ್‌ನಲ್ಲಿ ತಂಡ ನಾಲ್ಕನೇ ಸ್ಥಾನಕ್ಕೆ ನಿಂತಿತು. ಮರುವರ್ಷ ರೀಕಾ ಆಟ ಬಿಟ್ಟರು. ಸಂಸಾರ, ಮಕ್ಕಳು. 2010ರಲ್ಲಿ ಅಂತರರಾಷ್ಟ್ರೀಯ ಐಸ್ ಹಾಕಿ ಫೆಡರೇಶನ್ ತನ್ನ ಗೌರವ ಪಟ್ಟಿಗೆ ಅವರನ್ನು ಸೇರಿಸಿತು. ಇಂಥ ಗೌರವ ಬಂದರೆ ಆಟ ಮುಗಿಯಿತು ಅಂತಲೇ ಲೆಕ್ಕ, ಅಲ್ವಾ? ಈಕೆ 2013ರಲ್ಲಿ ಮತ್ತೆ ಸ್ಕೇಟ್ ಕಟ್ಟಿದರು!

ಇದು ಸುಮ್ನೆ ಹೇಳುವಷ್ಟು ಸುಲಭವಲ್ಲ. ಐಸ್ ಹಾಕಿಯಲ್ಲಿ ಒಬ್ಬರು ಒಂದು ನಿಮಿಷಕ್ಕೂ ಕಡಿಮೆ ಹೊತ್ತು ಮೈಮುರಿದು ಓಡಿ ಬೆಂಚಿಗೆ ಬರುತ್ತಾರೆ, ಉಸಿರು ತಿರುಗುವಷ್ಟರಲ್ಲಿ ಮತ್ತೆ ಇಳಿಯಬೇಕು. ಹಳೇ ಹೆಸರಿನ ಮೇಲೆ ಯಾರೂ ಅಲ್ಲಿ ಜಾಸ್ತಿ ಹೊತ್ತು ಉಳಿಯಲಾರರು. ಹಾಗಾಗಿ ನನಗೆ ನಾಗಾನೊದ 12 ಪಾಯಿಂಟ್‌ಗಿಂತ ಈ ಎರಡನೇ ಇನ್ನಿಂಗ್ಸೇ ದೊಡ್ಡದು. 2014ರ ಸೋಚಿ ಒಲಿಂಪಿಕ್ಸ್‌ನಲ್ಲಿ ಪದಕ ಸಿಗಲಿಲ್ಲ. ಪ್ಯೊಂಗ್‌ಚಾಂಗ್‌ನಲ್ಲಿ ರಷ್ಯಾದ ಆಟಗಾರ್ತಿಯರನ್ನು 3-2ರಿಂದ ಸೋಲಿಸಿ ಕಂಚು. ರೀಕಾಗೆ ಆಗ 44. ಐಸ್ ಹಾಕಿಯಲ್ಲಿ ಅಷ್ಟು ವಯಸ್ಸಿನಲ್ಲಿ ಒಲಿಂಪಿಕ್ ಪದಕ ಅದಕ್ಕೆ ಮುಂಚೆ ಯಾರಿಗೂ ಬಂದಿರಲಿಲ್ಲ.

ಮುಂದಿನ ವರ್ಷ ವಿಶ್ವ ಚಾಂಪಿಯನ್‌ಶಿಪ್ ಫಿನ್ಲೆಂಡಿನ ಎಸ್ಪೋದಲ್ಲೇ ನಡೆಯಿತು. ಅಲ್ಲಿಯವರೆಗೆ ಪ್ರತಿ ಫೈನಲ್ಲೂ ಕೆನಡಾ-ಅಮೆರಿಕ ನಡುವೆಯೇ. ಈ ಸಲ ಸೆಮಿಫೈನಲ್‌ನಲ್ಲಿ ಕೆನಡಾವನ್ನು 4-2ರಿಂದ ಮಣಿಸಿ ಫಿನ್ಲೆಂಡ್ ಫೈನಲ್‌ಗೆ ಬಂತು. ಏಪ್ರಿಲ್ 14. ಅಮೆರಿಕದ ಎದುರು 1-1. ಹೆಚ್ಚುವರಿ ಆಟದಲ್ಲಿ ಫಿನ್ಲೆಂಡಿನ ಪೆಟ್ರಾ ನಿಯೆಮಿನೆನ್ ಗೋಲು ಹೊಡೆದಳು. ನಾಗಾನೊ ಮುಗಿದ ಮೇಲೆ ಹುಟ್ಟಿದ ಹುಡುಗಿ ಆಕೆ! ತಂಡಕ್ಕೆ ತಂಡವೇ ಮಂಜಿನ ಮೇಲೆ ಕುಣಿಯಿತು. ರೆಫರಿಗಳು ವಿಡಿಯೋ ನೋಡಿದರು, ನೋಡುತ್ತಲೇ ಇದ್ದರು. ಕೊನೆಗೆ, ಗೋಲ್‌ಕೀಪರ್‌ಗೆ ಅಡ್ಡಿಯಾಗಿದೆ, ಗೋಲು ಇಲ್ಲ ಎಂದರು. ಶೂಟೌಟ್‌ನಲ್ಲಿ ಅಮೆರಿಕ ಗೆದ್ದಿತು. ಆ ತೀರ್ಪನ್ನು ಫಿನ್ನರು ಇವತ್ತಿಗೂ ಮರೆತಿಲ್ಲ, ಮರೆಯಬೇಕಾಗಿಯೂ ಇಲ್ಲ ಬಿಡಿ.

45ರ ರೀಕಾಗೆ ಬೆಳ್ಳಿ ಸಿಕ್ಕಿತು. ಅದೇ ವರ್ಷ ಅವರು ಆಟಕ್ಕೆ ವಿದಾಯ ಹೇಳಿದರು, ಈ ಸಲ ನಿಜವಾಗಿ. 2022ರಲ್ಲಿ ಟೊರಾಂಟೊದ ಹಾಕಿ ಹಾಲ್ ಆಫ್ ಫೇಮ್ ಅವರನ್ನು ಬರಮಾಡಿಕೊಂಡಿತು. ಯುರೋಪಿನಿಂದ ಅಲ್ಲಿಗೆ ಕಾಲಿಟ್ಟ ಮೊದಲ ಆಟಗಾರ್ತಿ ಅವರೇ. ನಮಸ್ಕಾರ.