ತನ್ನ ಕಂಪನಿಗೇ ಎದುರಾಳಿ ಕಟ್ಟಿದ ನಿರ್ದೇಶಕ

ಎಲ್ಲರಿಗೂ ನಮಸ್ಕಾರ. ಫಿನ್ಲೆಂಡಿನ ಸಿನಿಮಾ ಅಂದರೆ ನಮ್ಮಲ್ಲಿ ಜಾಸ್ತಿ ಜನಕ್ಕೆ ನಿರ್ದೇಶಕ ಅಕಿ ಕೌರಿಸ್‌ಮಾಕಿ ಹೆಸರು ನೆನಪಾಗುತ್ತದೆ. ಇವತ್ತು ನಾನು ಹೇಳಬೇಕೆಂದಿರುವುದು ಅವರಿಗಿಂತ ಬಹಳ ಹಿಂದಿನ ನಿರ್ದೇಶಕ ಎರ್ಕಿ ಕರು ಅವರ ಬಗ್ಗೆ. ದೊಡ್ಡ ಕಲಾವಿದರಾ ಅಂತ ಕೇಳಿದರೆ, ಒಂದೆರಡು ಚಿತ್ರದಲ್ಲಿ ಹೌದು ಅಂತೀನಿ. ಹಠ ಮಾತ್ರ ಭಾರಿ.

ಹುಟ್ಟಿದ್ದು 1887ರಲ್ಲಿ, ಹೆಲ್ಸಿಂಕಿಯಲ್ಲಿ. ಆಗಿನ ಹೆಸರು ಎರ್ಲಾಂಡ್ ಫ್ರೆಡ್ರಿಕ್ ಕುಮ್ಲಾಂಡರ್. ಮೊದಲು ನಾಟಕದವರು. ಫಿನ್ಲೆಂಡ್ 1917ರಲ್ಲಿ ರಷ್ಯಾದಿಂದ ಬಿಡಿಸಿಕೊಂಡಿತು, 1918ರಲ್ಲಿ ಅಂತರ್ಯುದ್ಧ ಆಯಿತು, ಅದರ ಮರುವರ್ಷವೇ ಇವರು ಸಿನಿಮಾ ಕಂಪನಿ ಶುರು ಮಾಡಿದರು! 1921ರಲ್ಲಿ ಅದರ ಹೆಸರು ಸುವೋಮಿ-ಫಿಲ್ಮಿ ಆಯಿತು. ನಿರ್ದೇಶನ ಅವರದೇ, ಹಲವು ಚಿತ್ರಗಳ ಚಿತ್ರಕಥೆಯೂ ಅವರದೇ.

ಹೊಸ ದೇಶ ನೋಡಿ, ಜನಕ್ಕೆ ತಮ್ಮ ಹೊಳೆ, ತಮ್ಮ ಹಳ್ಳಿಯನ್ನು ಪರದೆ ಮೇಲೆ ನೋಡುವ ಆಸೆ. ಕರು ಅದನ್ನು ಸರಿಯಾಗಿ ಹಿಡಿದರು. 1923ರ ಜನವರಿ 1ಕ್ಕೆ 'ಕೋಸ್ಕೆನ್‌ಲಾಸ್ಕಿಯಾನ್ ಮೊರ್ಸಿಯಾನ್' ಬಂತು. ಭೋರ್ಗರೆಯುವ ಹೊಳೆಯಲ್ಲಿ ದೋಣಿ ಇಳಿಸುವವರ ಕಥೆ. ಕಥೆ ಸಾಧಾರಣ, ಎರಡು ಮನೆತನದ ಜಗಳ. ನೋಡಬೇಕಾದ್ದು ನೀರನ್ನು. ಚಿತ್ರೀಕರಣ ನಡೆದದ್ದು ದಕ್ಷಿಣ ಫಿನ್ಲೆಂಡಿನ ಮಾಂಕಲದ ಹತ್ತಿರ. 1950ರಲ್ಲಿ ಅಲ್ಲಿ ವಿದ್ಯುತ್ ಸ್ಥಾವರ ಬಂದ ಮೇಲೆ ಆ ರಭಸ ಉಳಿದಿರುವುದು ಸಿನಿಮಾದಲ್ಲೇ.

ಅದೇ ವರ್ಷ 'ನುಮ್ಮಿಸೂತಾರಿತ್', ನನ್ನ ಪ್ರಕಾರ ಅವರ ಅತ್ಯುತ್ತಮ ಚಿತ್ರ. ಫಿನ್ಲೆಂಡಿನ ಸಾಹಿತಿ ಅಲೆಕ್ಸಿಸ್ ಕಿವಿ 1864ರಲ್ಲಿ ಬರೆದ ನಾಟಕ ಅದು. ಚಮ್ಮಾರನ ಮಗ ಎಸ್ಕೋ ಮದುಮಗನಾಗಿ ಹೊರಡುತ್ತಾನೆ. ಪೆದ್ದ, ಆದರೆ ತನ್ನ ಬಗ್ಗೆ ತನಗೆ ಬಹಳ ಗೌರವ. ಹೆಣ್ಣಿನ ಮನೆ ತಲುಪಿದರೆ ಅಲ್ಲಿ ಮದುವೆ ಆಗಲೇ ನಡೀತಿದೆ, ಬೇರೆಯವನ ಜೊತೆ! ಎಸ್ಕೋ ಆದ ಆಕ್ಸೆಲ್ ಸ್ಲಾಂಗುಸ್ ಮುಖ ನೋಡಿದರೆ ನಗು ಬರುತ್ತದೆ, ಆಮೇಲೆ ಯಾಕೆ ನಕ್ಕೆವೋ ಅಂತಲೂ ಅನಿಸುತ್ತದೆ. ಮಾತಿಲ್ಲದ ಚಿತ್ರದಲ್ಲಿ ಇಷ್ಟು ಸಾಕಲ್ವಾ? (ಸ್ವೀಡನ್ನಿನ ನಿರ್ದೇಶಕ ಬರ್ಗ್‌ಮನ್‌ರ 'ದಿ ವರ್ಜಿನ್ ಸ್ಪ್ರಿಂಗ್' ನೋಡಿದವರು ಇದೇ ನಟನನ್ನು ಸೇತುವೆ ಕಾಯುವ ಮುದುಕನಾಗಿ ನೋಡಿರುತ್ತೀರಿ.)

ಆಮೇಲಿನ ಚಿತ್ರಗಳನ್ನು ಬೇಗ ದಾಟೋಣ. 1929ರ 'ಮೇದಾನ್ ಪೊಯಿಕಮ್ಮೆ' ಸೈನಿಕರ ತಮಾಷೆ, ಜನ ಮುಗಿಬಿದ್ದರು, ಅದಕ್ಕೆ ಮುಂದಿನ ಭಾಗಗಳೂ ಬಂದವು. ಕಲೆ ಅಂತ ನೋಡಿದರೆ ಇಳಿಜಾರು.

ಅಷ್ಟರಲ್ಲಿ ಆರ್ಥಿಕ ಕುಸಿತ, ಜೊತೆಗೆ ಮಾತಿನ ಚಿತ್ರದ ಖರ್ಚು, ಒಳಗೆ ಜಗಳ. 1933ರಲ್ಲಿ ತಾವೇ ಕಟ್ಟಿದ ಕಂಪನಿಯಿಂದ ಕರು ಹೊರಬೀಳಬೇಕಾಯಿತು. ಬೇರೆಯವರಾಗಿದ್ದರೆ ಸುಮ್ನೆ ಮನೇಲಿ ಕೂರುತ್ತಿದ್ದರೇನೋ. ಇವರು ಅದೇ ವರ್ಷ ಸುವೋಮೆನ್ ಫಿಲ್ಮಿತಿಯೋಲ್ಲಿಸೂಸ್ ಅಂತ ಇನ್ನೊಂದು ಕಂಪನಿ ಕಟ್ಟಿದರು. ಎರಡು ವರ್ಷ ಅಷ್ಟೇ. 1935ರ ಡಿಸೆಂಬರಿನಲ್ಲಿ, 48ನೇ ವಯಸ್ಸಿಗೆ ತೀರಿಕೊಂಡರು.

ಆ ಹೊಸ ಕಂಪನಿ ನಿರ್ಮಾಪಕ ಟಿ. ಯೆ. ಸಾರ್ಕ್ಯಾ ಕೈಗೆ ಹೋಯಿತು. 1960ರ ದಶಕದವರೆಗೂ ನಡೆದು 200ಕ್ಕೂ ಹೆಚ್ಚು ಚಿತ್ರ ತೆಗೆಯಿತು. 1955ರಲ್ಲಿ ದೇಶವೇ ನೋಡಿದ ಯುದ್ಧದ ಚಿತ್ರ 'ತುಂತೆಮಾಟನ್ ಸೊಟಿಲಾಸ್' ಕೂಡ ಇಲ್ಲಿನದೇ. ಎದುರಿಗೆ ಸುವೋಮಿ-ಫಿಲ್ಮಿಯೂ ಇತ್ತು. ಸ್ಟುಡಿಯೋ ಕಾಲದ ಪೈಪೋಟಿ ಅಂತ ಫಿನ್ಲೆಂಡಿನವರು ಹೇಳುವುದು ಮುಖ್ಯವಾಗಿ ಇವೆರಡರ ನಡುವಿನದ್ದು, ಎರಡಕ್ಕೂ ಅಡಿಪಾಯ ಹಾಕಿದ್ದು ಒಬ್ಬರೇ.