ನಾಲ್ಕನೆಯ ಇಯತ್ತೆಯ ಯಜಮಾನ

ನಮಸ್ಕಾರ. ನನ್ನ ಕಳೆದ ವಿಡಿಯೋದ ಕೆಳಗೆ ಹಾವೇರಿಯ ಹಿರಿಯರೊಬ್ಬರು, "ತಂದೆ ತೀರಿಕೊಂಡ ಮನೆಯಲ್ಲಿ ಗಂಡುಹುಡುಗನಿಗೆ ಮೊದಲ ದಿನವೇ ಜವಾಬ್ದಾರಿ ತಿಳಿಸಿಬಿಡಬೇಕು, ಆಗಲೇ ಗಟ್ಟಿಯಾಗುತ್ತಾನೆ" ಎಂದು ಬರೆದಿದ್ದಾರೆ. ಅದನ್ನು ಓದಿದಾಗಿನಿಂದ ನನ್ನ ತಲೆ ಕೆಟ್ಟಿದೆ.

ನಮ್ಮ ಹುಬ್ಬಳ್ಳಿ-ಧಾರವಾಡದ ಕಡೆ ಸಾವಿನ ಮನೆಗೆ ಮಾತನಾಡಿಸಲು ಬಂದವರು, ಮೂಲೆಯಲ್ಲಿ ಕುಳಿತ ನಾಲ್ಕನೆಯ ಇಯತ್ತೆಯ ಹುಡುಗನ ತಲೆ ಸವರಿ, "ಇನ್ನ ನೀನಽ ಮನಿ ಯಜಮಾನಪಾ, ಅಳಬ್ಯಾಡ, ಅವ್ವನ್ನ ನೋಡ್ಕೋಬೇಕು" ಎಂದು ಹೇಳಿ, ಚಹಾ ಕುಡಿದು ಬಸ್ಸು ಹಿಡಿಯುತ್ತಾರೆ. ಹೇಳಿದವರು ನವಲಗುಂದ ದಾಟುವಷ್ಟರಲ್ಲಿ ಮರೆತಿರುತ್ತಾರೆ, ಹುಡುಗ ಮರೆಯುವುದಿಲ್ಲ. ಅವನು ತಾಯಿಯ ಎದುರು ಅಳುವುದನ್ನು ನಿಲ್ಲಿಸುತ್ತಾನೆ, ಶಾಲೆಯ ಪ್ರವಾಸಕ್ಕೆ ದುಡ್ಡು ಕೇಳುವುದನ್ನು ಬಿಡುತ್ತಾನೆ, ನಡುರಾತ್ರಿ ಎದ್ದು ಬಾಗಿಲಿನ ಚಿಲಕ ಹಾಕಿದೆಯೇ ಎಂದು ಮುಟ್ಟಿ ನೋಡಿ ಬರುತ್ತಾನೆ. "ಎಷ್ಟ್ ಶಾಣ್ಯಾ ಆಗ್ಯಾನ" ಎಂದು ಓಣಿಯೇ ಹೊಗಳುತ್ತದೆ. ಅವನು ಅಂಜಿ ಹೋಗಿರುವುದು ಯಾರಿಗೂ ಕಾಣುವುದಿಲ್ಲ.

ಕಾನೂನಾದರೂ ಏನು ಹೇಳುತ್ತದೆ? 1956ರ ಹಿಂದೂ ಅಪ್ರಾಪ್ತತೆ ಮತ್ತು ಪಾಲಕತ್ವ ಕಾಯ್ದೆಯ ಪ್ರಕಾರ ತಂದೆಯ ನಂತರ ತಾಯಿಯೇ ಸಹಜ ಪಾಲಕಳು. ಹುಡುಗನ ಸ್ವಂತ ಹೆಸರಿನ ಸ್ಥಿರಾಸ್ತಿಯನ್ನು ಮಾರಬೇಕಾದರೆ ಆ ತಾಯಿಗೂ ನ್ಯಾಯಾಲಯದ ಅನುಮತಿ ಬೇಕು. 18 ತುಂಬುವವರೆಗೆ ಅವನ ಸಹಿಗೆ ಬೆಲೆಯೇ ಇಲ್ಲ. ತಹಸೀಲ್ದಾರ ಕಚೇರಿ ಒಪ್ಪದ ಯಜಮಾನಿಕೆಯನ್ನು ಪಕ್ಕದ ಮನೆಯ ಕಾಕಾ ಯಾವ ಅಧಿಕಾರದಿಂದ ಕೊಡುತ್ತಾರೆ?

"ನಾವೂ ಹಾಗೆಯೇ ಬೆಳೆದೆವು, ಏನಾಯಿತು?" ಎಂದು ಕೇಳುವವರಿದ್ದಾರೆ. ಏನಾಯಿತೆಂದರೆ, ಅರವತ್ತು ದಾಟಿದರೂ ನಿಮಗೆ ಅಳು ಬರುವುದಿಲ್ಲ, ಸಿಟ್ಟು ಮಾತ್ರ ಬರುತ್ತದೆ. ಅದನ್ನು ನನ್ನ ವಿಡಿಯೋದ ಕೆಳಗೆ ಬಂದು ಕಾರುತ್ತೀರಿ. ಬನ್ನಿ, ಬೇಡವೆನ್ನುವುದಿಲ್ಲ, ಹಾಗೆಯೇ ಚಂದಾದಾರರೂ ಆಗಿ.

ಮಕ್ಕಳ ದುಃಖ ದೊಡ್ಡವರದರಂತೆ ಒಂದೇ ಸಮನೆ ಹರಿಯುವುದಿಲ್ಲ. ಈಗ ಬಿಕ್ಕುತ್ತಿದ್ದವನು ಮರುಗಳಿಗೆ ಗೋಲಿ ಆಡಬಹುದು, ತಿಂಗಳ ಮೇಲೆ ಹೊಟ್ಟೆನೋವೆಂದು ಶಾಲೆ ತಪ್ಪಿಸಬಹುದು, ಹಾಸಿಗೆ ಒದ್ದೆ ಮಾಡಿಕೊಳ್ಳಬಹುದು. ಅದು ಬಹುದಿನ ನಡೆದರೆ ಧಾರವಾಡದ ಮಾನಸಿಕ ಆರೋಗ್ಯ ಸಂಸ್ಥೆ ಡಿಮ್ಹಾನ್ಸ್ ಇದೆ, ಉಚಿತವಾಗಿ ಕರೆ ಮಾಡಲು ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್‌ನ 14416 ಇದೆ. ಅಲ್ಲಿ ಯಾರೂ ಅವನನ್ನು ಯಜಮಾನ ಎನ್ನುವುದಿಲ್ಲ.

ಹಾಗಾದರೆ ಏನು ಹೇಳಬೇಕೆಂದು ಕೇಳುತ್ತೀರೇನು? ಏನೂ ಹೇಳಬೇಡಿ. ಕೈಯಲ್ಲಿ ದುಡ್ಡಿದ್ದರೆ ಅವನ ಶಾಲೆಯ ಫೀ ಕಟ್ಟಿ, ಇಲ್ಲದಿದ್ದರೆ ಅವನ ಪಕ್ಕದಲ್ಲಿ ಒಂದಿಷ್ಟು ಹೊತ್ತು ಕುಳಿತು ಎದ್ದು ಬನ್ನಿ, ಯಜಮಾನ ಎಂದು ಮಾತ್ರ ಅನ್ನಬೇಡಿ, ಅನ್ನಬೇಡಿ ಎಂದರೆ ಅನ್ನಬೇಡಿ.